ಟೈಲರಕ್ಕನ ಮೂರು ಮಿಷನ್ನು

ಕೋರ್ಟಿನ ಹೊರಗಿನ ಬೆಂಚಿನಲ್ಲಿ ಎಲ್ಲಿ ಮೊಳೆ ಎದ್ದಿದೆ, ಎಲ್ಲಿ ಕೂತರೆ ಬಟ್ಟೆ ಹರಿಯುವುದಿಲ್ಲ ಎಂಬುದೆಲ್ಲ ಟೈಲರಕ್ಕನಿಗೆ ಬಾಯಿಪಾಠವಾಗಿತ್ತು. ಬರುವುದು, ಕೂರುವುದು, ಇನ್ನೊಂದು ವಾಯಿದೆ ತಲೆಗೆ ಕಟ್ಟಿಸಿಕೊಂಡು ಮನೆಗೆ ಹೋಗುವುದು. ಬೀದಿಗೆಲ್ಲ ಟೈಲರಕ್ಕ, ಆದರೆ ಹೊಲಿಯಲು ಒಂದು ಮಿಷನ್ನೂ ಕೈಯಲ್ಲಿಲ್ಲ. ಇದ್ದ ಮೂರೂ ಮನೆಯ ಮುಂದಿನ ಕೋಣೆಯಲ್ಲಿ, ಅರಗಿನ ಸೀಲು ಬಿದ್ದ ಬೀಗದ ಹಿಂದೆ ಧೂಳು ತಿನ್ನುತ್ತಿದ್ದವು.

ಮಾಡಿದ್ದು ತಮ್ಮ. ಹುಟ್ಟಿದಾಗಿನಿಂದ ಅಮ್ಮ ಅವನನ್ನು 'ದೊರೆ' ಅಂತಲೇ ಕರೆದದ್ದು. ಅವನೂ ಹಾಗೇ ಬೆಳೆದ. ಕೂತಲ್ಲಿಗೆ ತಟ್ಟೆ, ನಿಂತಲ್ಲಿಗೆ ಇಸ್ತ್ರಿ ಮಾಡಿದ ಅಂಗಿ. ಕಡೆಗೆ ದುಡ್ಡು ದುಪ್ಪಟ್ಟು ಮಾಡಿಕೊಡ್ತೀನಿ ಅಂತ ಊರವರ ಕಿವಿ ಮೇಲೆ ಹೂವಿಟ್ಟು, ಸಿಕ್ಕಿಬಿದ್ದು ಜೈಲು ಸೇರಿದ. ಅವನ ಆಸ್ತಿ ಜಪ್ತಿ ಮಾಡಿ ಎಂದು ಕೋರ್ಟು ಹೇಳಿತು. ಆಸ್ತಿ ಎಲ್ಲಿತ್ತು, ಮಣ್ಣು. ಹುಡುಕಿಕೊಂಡು ಕೋರ್ಟಿನ ಅಮೀನರು ಮನೆಗೇ ಬಂದರು.

ಅಕ್ಕ ದಾರದುಂಡೆ ತರಲು ಹೋಗಿದ್ದಳು. "ಈ ಮಿಷನ್ನೆಲ್ಲ ಯಾರದ್ದಮ್ಮ?" ಎಂದು ಅಮೀನರು ಕೇಳಿದರು. ಅಮ್ಮ ನೀರು ಕೊಟ್ಟು, ಮನೆಗೆ ಬಂದವರಿಗೆಲ್ಲ ಹೇಳುವುದನ್ನೇ ಹೇಳಿದಳು.

"ಎಲ್ಲಾ ನಮ್ಮ ದೊರೇದೇ ಸ್ವಾಮಿ. ಅಕ್ಕ ಸುಮ್ನೆ ಕೂರಬಾರ್ದು ಅಂತ ಅವನೇ ಕೊಡಿಸಿದ್ದು."

ಮಗನ ಮೇಲೆ ಅವರಿಗೆ ಒಳ್ಳೆ ಅಭಿಪ್ರಾಯ ಬರಲಿ ಎಂಬ ಆಸೆ, ಪಾಪ. ಅವರು ಬರೆದುಕೊಂಡು, ಹೆಬ್ಬೆಟ್ಟು ಒತ್ತಿಸಿ, ಬೀಗ ಜಡಿದರು. ದೊರೆ ಆ ಮನೆಗೆ ಒಂದು ಸೂಜಿ ತಂದುಕೊಟ್ಟವನಲ್ಲ. ಮೂರೂ ಮಿಷನ್ನು ಅಕ್ಕ ಹೊಲಿದು ಹೊಲಿದು ಒಂದೊಂದಾಗಿ ಕೊಂಡದ್ದು. ಎಲ್ಲ ಸೆಕೆಂಡ್ ಹ್ಯಾಂಡ್. ಹಳೇ ಮಿಷನ್ನಿಗೆ ಬಿಲ್ಲು ಯಾರು ಕೊಡ್ತಾರೆ?

ತಕರಾರು ಅರ್ಜಿ ಹಾಕಿದ ವಕೀಲರು ಮೊದಲೇ ಹೇಳಿದ್ದರು. "ಬಿಲ್ಲಿಲ್ಲ. ಅದರ ಮೇಲೆ ನಿಮ್ಮಮ್ಮನ ಹೇಳಿಕೆ ಬೇರೆ. ಅವರೇ ಬಂದು ಅದು ಸುಳ್ಳು ಅನ್ಬೇಕು. ಇಲ್ಲಾಂದ್ರೆ ಮಿಷನ್ನಿನ ಆಸೆ ಬಿಡಿ."

"ಅವನ ಎದುರಿಗೇ ಹೇಳ್ಬೇಕಾ?" ಎಂದು ಕೇಳಿದ್ದಳು ಅಮ್ಮ. ಹೋದ ಸಲ ಸರಿಯಾಗಿ ಹೆಸರು ಕೂಗುವ ಹೊತ್ತಿಗೆ ಅವಳಿಗೆ ತಲೆ ಸುತ್ತು ಬಂತು. ಅದು ಎಂಥ ತಲೆಸುತ್ತೆಂದು ಅಕ್ಕನಿಗೆ ಗೊತ್ತಿತ್ತು. ಜಗಳವಾಡಲೂ ತ್ರಾಣವಿರಲಿಲ್ಲ.

ಇವತ್ತು ಕೂಗಿದಾಗ ಅಮ್ಮ ಎದ್ದಳು. ಒಳಗೆ ಕಟಕಟೆಯಲ್ಲಿ ದೊರೆ ನಿಂತಿದ್ದ. ನ್ಯಾಯಾಧೀಶರು ಮಿಷನ್ನು ಯಾರದ್ದೆಂದು ಕೇಳಿದರು. ಅಮ್ಮ ಮಗನನ್ನೇ ನೋಡುತ್ತಾ ನಿಂತಳು. ಫ್ಯಾನು ಕಿರ್ರೆನ್ನುತ್ತಿತ್ತು. ಮುಗೀತು, ಇನ್ನು ಬಾಳೆಲ್ಲ ಯಾರದೋ ಅಂಗಡಿಯಲ್ಲಿ ಗುಂಡಿ ಹಾಕುವುದೇ ಎಂದುಕೊಂಡಳು ಅಕ್ಕ.

"ನನ್ನ ಮಗಳದ್ದು ಸ್ವಾಮಿ."

"ಮತ್ತೆ ಆವತ್ತು ಯಾಕೆ ಹಾಗೆ ಹೇಳಿದ್ರಿ?"

"ಹೇಳಿ ಹೇಳಿ ಅಭ್ಯಾಸ ಆಗೋಗಿತ್ತು. ಗಂಡು ಮಗ, ಅವನಿಗೊಂದು ಮರ್ಯಾದೆ ಇರ್ಲಿ ಅಂತ. ಮನೆ ನಡೆಸಿದ್ದೆಲ್ಲ ಇವಳೇ. ಅವನ ಮೈಮೇಲಿರೋ ಆ ಅಂಗಿನೂ ಇವಳು ಹೊಲಿದದ್ದೇ."

ಹಿಂದೆ ಯಾರೋ ಕಿಸಕ್ಕೆಂದರು. ದೊರೆ ತಲೆ ತಗ್ಗಿಸಿದ.

ಈ ಒಂದು ಮಾತಿಗಾಗಿ ಅಕ್ಕ ಹುಡುಗಿಯಾಗಿದ್ದಾಗಿನಿಂದ ಕಾದಿದ್ದಳು. ಬಂತು, ಆದರೆ ಹೊಟ್ಟೆ ತುಂಬಲಿಲ್ಲ. ಹೇಳುವಷ್ಟು ಹೊತ್ತೂ ಅಮ್ಮನ ಕಣ್ಣು ಅವನ ಮೇಲೇ ಇತ್ತು, ಅವನ ಹತ್ತಿರ ಕ್ಷಮೆ ಕೇಳುವ ಹಾಗೆ. ಅಕ್ಕನಿಗೆ ತುಂಬಾ ನೋವಾಯಿತು.

ಜಪ್ತಿ ತೆಗೆದು ಮಿಷನ್ನು ಬಿಟ್ಟುಕೊಡಿ ಎಂದು ಆದೇಶವಾಯಿತು. ವಕೀಲರು ಕೈ ಕುಲುಕಿ ಮುಂದಿನ ಕೇಸಿಗೆ ಓಡಿದರು. ಅಮ್ಮ ಮಗಳ ತೋಳು ಹಿಡಿದು ನಿಧಾನಕ್ಕೆ ಮೆಟ್ಟಿಲಿಳಿದಳು.

"ದೊರೆ ನನ್ನ ಮುಖ ನೋಡ್ಲೇ ಇಲ್ಲ ಕಣೇ."

"ನಾನು ನೋಡ್ತಾನೇ ಇದ್ದೆನಲ್ಲಮ್ಮ."

ಗೇಟಿನ ಹತ್ತಿರ ಬಂದಾಗ ಅಮ್ಮ ನಿಂತು, ಸೆರಗಿನಿಂದ ಮೂಗೊರೆಸಿಕೊಂಡು ಕೇಳಿದಳು. "ಜೈಲಲ್ಲಿ ಚಳಿ ಇರತ್ತೇನೋ. ಬೀಗ ತೆಗೆದ ಮೇಲೆ ಅವನಿಗೊಂದು ದಪ್ಪ ಅಂಗಿ ಹೊಲಿದುಕೊಡ್ತೀಯಾ?"

ಅಕ್ಕ ಅಮ್ಮನ ತೋಳನ್ನು ಮತ್ತೆ ಹಿಡಿದುಕೊಂಡಳು.

"ಅಳತೆ ಗೊತ್ತಿದೆ, ನಡಿ," ಎಂದಳು.