ಸಿಹಿ ಮರಳು

ವರ್ಲೀನಾಳ ಮನೆಗೆ ನಾಲ್ಕು ಗೋಡೆ ಎದ್ದಿತ್ತು, ಚಾವಣಿ ಇರಲಿಲ್ಲ. ಹಿಂದಿನ ಚಂಡಮಾರುತ ಅವಳ ಮರದ ಮನೆಯನ್ನು ಎತ್ತಿಕೊಂಡು ಹೋದಮೇಲೆ ಚರ್ಚಿನ ಬೆಂಚಿನ ಮೇಲೆ ಮಲಗಿ ಮಲಗಿ ಅವಳ ಸೊಂಟ ಬಿದ್ದುಹೋಗಿತ್ತು. ಮುಂದಿನ ಗಾಳಿಕಾಲ ಬರುವುದರೊಳಗೆ ಕಾಂಕ್ರೀಟಿನ ಚಾವಣಿ ಆಗಬೇಕು, ಅಷ್ಟೇ ಅವಳ ಆಸೆ.

“ಮರ ಹಾರಿಹೋಗತ್ತೆ, ತಗಡು ಹಾರಿಹೋಗತ್ತೆ. ಕಾಂಕ್ರೀಟನ್ನ ಹಾರಿಸೋ ಗಾಳಿ ಇನ್ನೂ ಹುಟ್ಟಿಲ್ಲ ಕಣೇ ಎಸ್ಮಿ” ಅನ್ನುತ್ತಿದ್ದಳು ನನ್ನ ಹತ್ತಿರ.

ಹಿತ್ತಲಲ್ಲಿ ಅವಳದೊಂದು ಮರಳಿನ ಗುಡ್ಡೆ ಇತ್ತು. ನಮ್ಮ ಕ್ಯಾರಿಯಾಕೂ ದ್ವೀಪದಲ್ಲಿ ಹೆಣ್ಣು ಮನೆ ಕಟ್ಟುವ ಮನಸ್ಸು ಮಾಡಿದಳೆಂದರೆ ಕಡಲಿಗೆ ಹೋದಾಗಲೆಲ್ಲ ಒಂದು ಬಕೆಟ್ ಮರಳು ತಲೆಯ ಮೇಲೆ ಹೊತ್ತು ಬರುತ್ತಾಳೆ. ಹಾಗೇ ಕಲಸಿದರೆ ಉಪ್ಪು ಕಂಬಿಯನ್ನು ತಿಂದುಹಾಕುತ್ತದೆ. ಅದಕ್ಕೇ ವರ್ಷಗಟ್ಟಲೆ ಮಳೆಯಲ್ಲಿ ನೆನೆಯಲು ಬಿಡುತ್ತೇವೆ. ವರ್ಲೀನಾಳ ಗುಡ್ಡೆಗೆ ಅವಳ ಮಗಳಷ್ಟೇ ವಯಸ್ಸು. ಮಗಳಾದರೂ ಹಡಗು ಹತ್ತಿ ಹೋದಳು, ಗುಡ್ಡೆ ಹೋಗಲಿಲ್ಲ.

ಅಷ್ಟರಲ್ಲಿ ಕಾನೂನು ಬಂತು. ತೀರದಿಂದ ಹಿಡಿ ಮರಳೆತ್ತಿದರೂ ಅಪರಾಧ. ಕಟ್ಟಡ ಕಚೇರಿಯಿಂದ ಮನೆ ಕಟ್ಟುವ ಪರವಾನಗಿ ಬೇಕೆಂದರೆ ದೊಡ್ಡ ದ್ವೀಪದಿಂದ ಹಡಗಿನಲ್ಲಿ ಬರುವ ಕ್ವಾರಿ ಮರಳಿನ ರಶೀದಿ ತೋರಿಸಬೇಕು. ಕಾನೂನಿಗೆ ಮುಂಚೆ ತಂದ ಮರಳಾದರೆ ಅದಕ್ಕೂ ಸಾಕ್ಷಿ ಕೊಡಬೇಕಂತೆ. ಮರಳಿಗೆ ಯಾರು ಜಾತಕ ಬರೆಸುತ್ತಾರೆ? ಕಾನೂನೇ ತಪ್ಪು ಎಂದು ನಾನು ಹೇಳುವುದಿಲ್ಲ. ಕಡಲು ನಮ್ಮ ಸ್ಮಶಾನಕ್ಕೇ ನುಗ್ಗಿದೆ, ನನ್ನ ಅಜ್ಜನ ಗೋರಿಯ ಮೇಲೆ ಈಗ ಏಡಿಗಳು ಓಡಾಡುತ್ತವೆ. ಆದರೆ ಆಚೆ ಕೊಲ್ಲಿಯಲ್ಲಿ ಹೋಟೆಲಿನವರು ಯಂತ್ರ ಇಳಿಸಿ ಅಗೆದರಲ್ಲ, ಅವರಿಗೆ ಪರವಾನಗಿ ಕೊಟ್ಟದ್ದೂ ಅದೇ ಕಚೇರಿ. ಬಕೆಟಿಗೆ ಕಾನೂನು, ಯಂತ್ರಕ್ಕೆ ಸಲಾಮು.

ವರ್ಲೀನಾ ಗೋಡೆಗೆ ಕ್ವಾರಿ ಮರಳನ್ನೇ ಕೊಂಡಳು, ರಶೀದಿ ಜೋಪಾನ ಮಾಡಿದಳು. ಅಷ್ಟಕ್ಕೇ ಕೈ ಬರಿದಾಯಿತು. ಚಾವಣಿಗೆ ಗುಡ್ಡೆಯೇ ಗತಿ. ಯಾರಾದರೂ ಕೇಳಿದರೆ ಅದೇ ರಶೀದಿ ತೋರಿಸುವುದೆಂದು ನಾವೆಲ್ಲ ಮಾತಾಡಿಕೊಂಡೆವು.

ಊರವರು ಕೂಡಿ ಒಬ್ಬರ ಕೆಲಸ ಮುಗಿಸಿಕೊಡುವುದಕ್ಕೆ ನಮ್ಮಲ್ಲಿ ಮರೂನ್ ಅನ್ನುತ್ತಾರೆ. ಚಾವಣಿಗೆ ಮರೂನ್ ಇಟ್ಟ ದಿನ ಬೆಳಗಾಗುತ್ತಲೇ ಊರೆಲ್ಲ ಗುದ್ದಲಿ, ಬಕೆಟು ಹಿಡಿದು ಬಂತು. ಕೂಲಿ ಯಾರೂ ಕೇಳುವುದಿಲ್ಲ, ಹೊಟ್ಟೆ ತುಂಬ ಹಾಕಿದರೆ ಸಾಕು. ನಾನು ಮೂರು ಕಲ್ಲಿನ ಒಲೆಯ ಮೇಲೆ ಜೋಳದ ಹಿಟ್ಟಿನ ಮುದ್ದೆ ತಿರುವುತ್ತಿದ್ದೆ, ಪಕ್ಕದಲ್ಲಿ ಆಡಿನ ಮಾಂಸ ಕುದಿಯುತ್ತಿತ್ತು. ತೀರಿಹೋದ ಹಿರಿಯರ ಪಾಲಿನ ರಮ್ಮನ್ನು ನೆಲಕ್ಕೆ ಸುರಿದದ್ದಾಗಿತ್ತು. ಅಷ್ಟರಲ್ಲಿ ಕಚೇರಿಯ ಗಾಡಿ ಬಂದು ನಿಂತಿತು.

ಇಳಿದವನು ಓಸ್ಬರ್ಟ್, ನಮ್ಮ ಓಣಿಯಲ್ಲೇ ಚಡ್ಡಿಯಿಲ್ಲದೆ ಓಡಾಡಿದ ಹುಡುಗ. ಈಗ ಕಟ್ಟಡ ತನಿಖೆಯ ಅಧಿಕಾರಿ.

“ಏನ್ ಚಿಕ್ಕಮ್ಮ, ನನ್ನ ಕರೀದೇ ಮರೂನ್ ಇಟ್ಟಿದೀಯ?”

“ಕರೆದಿದ್ರೆ ಮಣ್ಣು ಹೊರ್ತಿದ್ದೆಯೇನೋ? ಶರ್ಟಿಗೆ ಕೊಳೆಯಾಗತ್ತೆ, ಆಚೆ ನಿಂತ್ಕೋ” ಎಂದಳು ವರ್ಲೀನಾ. ಎಲ್ಲರೂ ನಕ್ಕರು, ಅವನೂ ನಕ್ಕ.

ಪರವಾನಗಿ ನೋಡಿದ. ರಶೀದಿ ನೋಡಿದ. ಗುಡ್ಡೆಯತ್ತ ಕಣ್ಣೆತ್ತಲೂ ಇಲ್ಲ, ಪುಣ್ಯಾತ್ಮ. “ಎಲ್ಲ ಸರಿಯಿದೆ. ದೇವರು ಒಳ್ಳೇದ್ ಮಾಡ್ಲಿ” ಎಂದು ಫೈಲು ಮುಚ್ಚಿ ಗಾಡಿಯ ಬಾಗಿಲಿಗೆ ಕೈ ಹಾಕಿದ.

ಹೊರಡುವವನನ್ನು ಹೊರಡಲು ಬಿಡಬಾರದೇ! ಮೇಸ್ತ್ರಿ ಸಿಮೆಂಟಿನ ಚೀಲ ಬಿಚ್ಚಿ, “ಯಜಮಾನ್ತಿ ಎಲ್ಲಿ?” ಎಂದು ಕೂಗಿದ. ಕಲಸಲು ಶುರುಮಾಡುವ ಮುಂಚೆ, ಕಡಲಿನ ಉಪ್ಪು ಹೋಗಿದೆಯೇ ಎಂದು ಮನೆಯೊಡತಿ ಮರಳಿನ ರುಚಿ ನೋಡಬೇಕು, ಅದು ಪದ್ಧತಿ. ವರ್ಲೀನಾ ಅಷ್ಟು ವರ್ಷ ಆ ಗಳಿಗೆಗೆ ಕಾದವಳು. ಗುಡ್ಡೆಯ ಒಡಲಿಂದ ಚಿಟಿಕೆ ತೆಗೆದು ನಾಲಿಗೆಗೆ ಇಟ್ಟು, ಕಣ್ಣು ಮುಚ್ಚಿ, ಗಂಟಲು ಬಿರಿಯುವಂತೆ ಕೂಗಿದಳು: “ಸಿಹಿ!”

“ಸಿಹಿ!” ಎಂದು ಊರೇ ಕೂಗಿತು. ನಾನೂ ಸೌಟು ಎತ್ತಿ ಕೂಗಿದೆ.

ಓಸ್ಬರ್ಟ್ ಬಾಗಿಲು ಹಿಡಿದೇ ನಿಂತ. ಕ್ವಾರಿ ಮರಳನ್ನು ಯಾರೂ ನೆಕ್ಕಿ ನೋಡುವುದಿಲ್ಲ. ಬೇರೆ ದೇಶದ ಅಧಿಕಾರಿಯಾಗಿದ್ದರೆ ಇದೇನೋ ಹುಚ್ಚಾಟ ಎಂದು ಹೊರಟುಹೋಗುತ್ತಿದ್ದ. ಇವನು ನಮ್ಮವನು, ಇವನಿಗೆ ಗೊತ್ತು. ಇವನ ಡ್ರೈವರಿಗೂ ಗೊತ್ತು, ಅವನು ಆಗಲೇ ಓಸ್ಬರ್ಟನ ಮುಖ ನೋಡುತ್ತಿದ್ದ.

“ಚಿಕ್ಕಮ್ಮ... ಯಾಕ್ ಕೂಗಿದೆ?” ಎಂದ ಅಳುವವನಂತೆ. “ಇನ್ನೊಂದ್ ನಿಮಿಷ ತಡೀಬಾರದಿತ್ತಾ? ಇನ್ನು ಕೇಳಿಸ್ಲಿಲ್ಲ ಅಂದ್ರೆ ನನ್ನ ಕೆಲಸ ಹೋಗತ್ತೆ.”

“ಕಡಲಿಂದ ತಂದಾಗ ನಿನ್ನ ಕಾನೂನು ಹುಟ್ಟೇ ಇರ್ಲಿಲ್ವೋ!”

“ನಂಗೊತ್ತು. ಬರೆದಿದ್ದು ಏನಾದ್ರೂ ಇದ್ರೆ ಕೊಡು.”

ಏನಿತ್ತು ಕೊಡಲು? ಮಧ್ಯಾಹ್ನ ಮರಳು ಜಪ್ತಿ ಮಾಡಲು ಲಾರಿ ಬಂತು. ತುಂಬಲು ಕಚೇರಿಯ ಆಳು ಇಬ್ಬರೇ, ಗುಡ್ಡೆ ದೊಡ್ಡದು. ಚಾವಣಿ ಹಾಕಲು ಬಂದ ನಮ್ಮ ಗಂಡಸರನ್ನೇ ಓಸ್ಬರ್ಟ್ ಕೈಮುಗಿದು ಕೇಳಿಕೊಂಡ. ಒಬ್ಬರೂ ಏಳಲಿಲ್ಲ. ಕೊನೆಗೆ ವರ್ಲೀನಾಳೇ ಗುದ್ದಲಿ ಎತ್ತಿಕೊಂಡಳು.

“ನಾನ್ ತಂದಿದ್ದು, ನಾನೇ ತುಂಬ್ತೀನಿ. ಎಸ್ಮಿ, ಎಲ್ಲರಿಗೂ ಬಡಿಸು. ಅವನಿಗೂ ಬಡಿಸು.”

ನಾನು ಬಡಿಸಿದೆ. ಮನಸ್ಸಿನಲ್ಲಿ ಶಪಿಸುತ್ತಲೇ ಬಡಿಸಿದೆ. ಅವನು ತಟ್ಟೆ ಹಿಡಿದು ನಿಂತೇ ಇದ್ದ, ಮುದ್ದೆ ತಣ್ಣಗಾಯಿತು. ಆ ಮರಳನ್ನು ಒಯ್ದು ತೀರಕ್ಕೆ ಸುರಿದರಂತೆ. ಕಡಲಿಗೆ ಅದು ಒಂದು ದಿನದ ತಿಂಡಿಯೂ ಆಗಲಿಲ್ಲ.

ಕ್ವಾರಿ ಮರಳಿಗೆ ಹಣ ಹೊಂದಿಸುವುದರೊಳಗೆ ಗಾಳಿಕಾಲ ಬಂತು. ಮೊದಲ ಚಂಡಮಾರುತದ ಬೆಳಗ್ಗೆ ಓಸ್ಬರ್ಟ್ ತಾನೇ ಬಂದು ನಮ್ಮಿಬ್ಬರನ್ನೂ ತನ್ನ ತಾಯಿಯ ಮನೆಗೆ ಕರೆದೊಯ್ದ. ಹಳೆಯ ಕಾಂಕ್ರೀಟು ಮನೆ, ಚಾವಣಿಯಿಂದ ಒಂದು ಹನಿ ಸೋರಲಿಲ್ಲ. ಅದಕ್ಕೆ ಕಡಲಿನ ಮರಳು ಹೊತ್ತವರಲ್ಲಿ ವರ್ಲೀನಾಳ ಅಪ್ಪನೂ ಒಬ್ಬ. ಅದನ್ನು ನೆನೆದು ಓಸ್ಬರ್ಟನ ತಾಯಿ ಕೈಯಲ್ಲಿ ಮುಖ ಮುಚ್ಚಿಕೊಂಡು ಕೂತಿದ್ದಳು.

ಗಾಳಿ ನಿಂತಮೇಲೆ ಹೋಗಿ ನೋಡಿದೆವು. ಮೇಲೆ ಹಿಡಿದಿಡಲು ಚಾವಣಿಯಿಲ್ಲದ ಗೋಡೆಗಳು ನಾಲ್ಕೂ ಮಲಗಿದ್ದವು.

“ಮತ್ತೆ ಕಟ್ಟೋಣ ಚಿಕ್ಕಮ್ಮ. ಪರವಾನಗಿ ನಾನೇ ಮಾಡಿಸ್ತೀನಿ. ಮರೂನಿಗೆ ನಾನೂ ಬರ್ತೀನಿ, ಆಣೆ” ಎಂದ ಓಸ್ಬರ್ಟ್.

ವರ್ಲೀನಾ ಅವನ ತಲೆ ಸವರಿದಳು.

“ಬಾ ಮಗಾ. ಬಂದು ಏನ್ ಕಲಸ್ತೀಯ?”