ಬೀಗ ಹಾಕಿದ ಮನೆಯ ಲದಿನ್

ತಾಯಿ ಸೊಂಟ ಮುರಿದುಕೊಂಡು ಮಲಗಿದ್ದಾಳೆಂದು ಎರ್ಮೆಲಿಂದ್ ಕ್ರಿಸ್‌ಮಸ್ ಮುಗಿಸಿ ತವರಿಗೆ ಹೋಗಿದ್ದಳು. ತಾಯಿ ಕೋಲು ಹಿಡಿದು ಅಂಗಳದವರೆಗೆ ನಡೆಯುವಂತಾದ ಮೇಲೆ ಗಂಡನ ಮನೆಗೆ ಮರಳಿದರೆ, ಬಾಗಿಲಲ್ಲಿ ಹೊಸ ಬೀಗ. ಕೈಚೀಲದಲ್ಲಿದ್ದ ತನ್ನ ಬೀಗದಕೈಯನ್ನು ಹಾಕಿ ತಿರುವಿದಳು, ತೆರೆಯಲಿಲ್ಲ. ತನ್ನ ಕೈಯದೇ ತಪ್ಪೇನೋ ಎಂದು ಇನ್ನೊಮ್ಮೆ ತಿರುವಿದಳು.

ಎದುರು ಮನೆಯಿಂದ ಗಂಡ ಅಗ್ನೆಲನ ಅಣ್ಣ ಕಾಯ್ತಾನ್ ಇಳಿದು ಬಂದ. ಹತ್ತಿರ ಬರಲಿಲ್ಲ, ತೆಂಗಿನ ಮರದ ಬುಡದಲ್ಲೇ ನಿಂತ.

“ಅಗ್ನೆಲ್ ಹೇಳಿದ್ದಾನೆ, ಮನೆ ಮಾರ್ತಾನಂತೆ. ಲಿಸ್ಬನ್‌ನಲ್ಲಿ ಅವನಿಗೆ ಬೇರೆ ಸಂಸಾರ ಆಗಿರೋದು ನಿನಗೂ ಗೊತ್ತು. ನೀನು ತವರಲ್ಲೇ ಇರು.”

“ನನ್ನ ಸಾಮಾನು ಒಳಗಿದೆ, ಭಾವ.”

“ಕಟ್ಟಿ ಕಳಿಸ್ತೀನಿ.”

“ನನ್ನ ಒಲೆಯನ್ನೂ ಕಟ್ಟಿ ಕಳಿಸ್ತೀರಾ?”

ಅವನು ಬೆನ್ನು ತಿರುಗಿಸಿ ಹೊರಟುಹೋದ. ಎರ್ಮೆಲಿಂದ್ ಜಗಲಿಯ ಕಲ್ಲಿನ ಮೇಲೆ ಕೂತಳು. ಮದುವೆಯಾಗಿ ಬಂದ ದಿನ ಕೂತದ್ದೂ ಅದೇ ಕಲ್ಲಿನ ಮೇಲೆ. ಸಂಜೆಗೆ ಪಕ್ಕದ ಮನೆಯ ಕಿತೆರಿ ಮಾಯಿ ಬಂದು ಸೊಂಟಕ್ಕೆ ಕೈಕೊಟ್ಟು ನಿಂತಳು.

“ಇಲ್ಲಿ ಕೂತ್ರೆ ಬೀಗ ಕರಗುತ್ತಾ? ಏಳು ಮಗಾ. ನಮ್ಮಲ್ಲೊಂದು ಮಂಚ ಇದೆ. ಬೆಕ್ಕು ಮಲಗಿರುತ್ತೆ, ಓಡಿಸ್ಕೋ.”

ಅಂದಿನಿಂದ ಆ ಮಂಚ ಅವಳದಾಯಿತು. ಬೆಕ್ಕು ಕಾಲ ಬಳಿಗೆ ಸರಿಯಿತು. ಉಪ್ಪು, ಸಾಬೂನು, ಸೂಜಿ ದಾರ, ಎಲ್ಲಕ್ಕೂ ಕಿತೆರಿ ಮಾಯಿಯನ್ನೇ ಕೇಳಬೇಕು. ಮುದುಕಿ ಒಂದು ದಿನವೂ ಮುಖ ಗಂಟಿಕ್ಕಲಿಲ್ಲ. ಆದರೂ ಕೇಳುವಾಗಲೆಲ್ಲ ಎರ್ಮೆಲಿಂದಳ ಕಣ್ಣು ಗೋಡೆಯತ್ತ ಹೋಗುತ್ತಿತ್ತು. ಗೋಡೆಯಾಚೆ ತನ್ನದೇ ಅಡುಗೆಮನೆಯಲ್ಲಿ ಉಪ್ಪಿನ ಭರಣಿ ತುಂಬಿ ಕೂತಿದೆ.

ಮಡಗಾಂವಿನಲ್ಲಿ ಬಡವರ ಕೇಸನ್ನು ಪುಕ್ಕಟೆ ನಡೆಸುವ ವಕೀಲೆ ಸುಲಕ್ಷಾ ಬಾಯಿಯ ಬಳಿಗೆ ಅವಳನ್ನು ಕರೆದೊಯ್ದದ್ದೂ ಕಿತೆರಿ ಮಾಯಿಯೇ.

“ಮನೆ ಯಾರ ಹೆಸರಲ್ಲಾದರೂ ಇರಲಿ,” ಎಂದಳು ಸುಲಕ್ಷಾ ಬಾಯಿ, “ಹೆಂಡತಿಯಾಗಿ ಬಾಳಿದ ಮನೆಯಿಂದ ನಿನ್ನನ್ನ ಹೀಗೆ ಹೊರಗೆ ಹಾಕೋಹಾಗಿಲ್ಲ. ನಮ್ಮ ಗೋವೆಯ ಕಾನೂನಲ್ಲಿ ಅರ್ಧ ಆಸ್ತಿ ನಿನ್ನದೇ, ಅದರ ಮಾತು ಆಮೇಲೆ. ಮೊದಲು ಒಳಗೆ ಹೋಗೋ ಮಾತು.”

“ಹಾಗಂತ ಕಾನೂನು ಇದೆಯಾ, ಬಾಯಿ?”

“ಇದೆ. ನಮ್ಮಂಥ ಹೆಂಗಸರೇ ಬಡಿದಾಡಿ ತಂದದ್ದು.”

ಯಾರೋ, ಎಲ್ಲಿಯವರೋ, ತನ್ನ ಮುಖವನ್ನೂ ಕಾಣದವರು ತನಗೋಸ್ಕರ ಬಡಿದಾಡಿದ್ದರು. ಎರ್ಮೆಲಿಂದ್ ಅಂದಿನಿಂದ ರಾತ್ರಿಯ ಪ್ರಾರ್ಥನೆಯಲ್ಲಿ ಅವರನ್ನೂ ಸೇರಿಸಿಕೊಂಡಳು. ಹೆಸರು ಗೊತ್ತಿಲ್ಲದ್ದರಿಂದ “ಆ ಅಕ್ಕಂದಿರು” ಎನ್ನುತ್ತಿದ್ದಳು.

ಸುಲಕ್ಷಾ ಬಾಯಿ ಕೇಸು ಹಾಕಿದಳು. ಆದರೆ ಕಾಯ್ತಾನ್ ಕೋರ್ಟಿನಲ್ಲಿ, ಇವಳು ಮೂರು ವರ್ಷದಿಂದ ಇಲ್ಲಿರಲೇ ಇಲ್ಲ, ತಾನಾಗಿ ಮನೆ ಬಿಟ್ಟವಳು ಎಂದು ಹೇಳಿಸಿದ. ಸುಳ್ಳೆಂದು ವಾಡೆಗೆಲ್ಲ, ಕೇರಿಯ ಮನೆಮನೆಗೂ ಗೊತ್ತು. ಕಿತೆರಿ ಮಾಯಿಯೊಬ್ಬಳನ್ನು ಬಿಟ್ಟರೆ ಸಾಕ್ಷಿಗೆ ಯಾರೂ ಮುಂದೆ ಬರಲಿಲ್ಲ. ವಾಡೆಯ ಪ್ರತಿ ಮದುವೆಗೂ ಮಣ್ಣಿಗೂ ಪಿಟೀಲು ಹಿಡಿದು ಹಾಡು ಎತ್ತಿಕೊಡುವವನು ಕಾಯ್ತಾನ್. ಮೀನು ಮಾರುವ ಶಾಂತಾನ್ ನೇರವಾಗಿಯೇ ಹೇಳಿದ: “ನಾಳೆ ನಾನು ಸತ್ರೆ ಹಾಡೋನು ಅವನೇ ಅಲ್ವಾ? ರಾಗ ತಪ್ಪಿಸಿಬಿಟ್ರೆ?”

ಮೇ ತಿಂಗಳು ಬಂತು. ವಾಡೆಯ ಶಿಲುಬೆಯ ಹೆಸರಲ್ಲಿ ದಿನಕ್ಕೊಂದು ಮನೆಯಲ್ಲಿ ಎಲ್ಲರೂ ಸೇರಿ ಲದಿನ್ ಎಂಬ ಪ್ರಾರ್ಥನೆ ಹಾಡುವುದು, ಆ ಮನೆಯವರು ಬೇಯಿಸಿದ ಕಡಲೆ ಹಂಚುವುದು ಹಿಂದಿನಿಂದ ಬಂದದ್ದು. ಎರ್ಮೆಲಿಂದಳ ಮನೆಯ ಸರದಿ ಹತ್ತಿರ ಬಂತು.

“ಮನೆಗೆ ಬೀಗ ಹಾಕಬಹುದು, ಸರದಿಗೆ ಹಾಕೋಕಾಗುತ್ತಾ?” ಎಂದಳು ಕಿತೆರಿ ಮಾಯಿ. “ಜಗಲಿ ಇದೆಯಲ್ಲ. ಕಡಲೆ ನೆನೆಹಾಕು.”

ಲದಿನ್ ಬೇಡ ಎನ್ನಲು ಕಾಯ್ತಾನನಿಗೆ ಬಾಯಿ ಬರಲಿಲ್ಲ. ಮನೆ ನಮ್ಮದು, ಹಾಡುವವನೂ ನಾನೇ ಎಂದು ತೋರಿಸುವ ಹಾಗೆ ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಪಿಟೀಲು ಹಿಡಿದು, ಬೀಗದ ಬಾಗಿಲಿಗೆ ಬೆನ್ನು ಕೊಟ್ಟು ನಿಂತ. ಜಗಲಿಯ ಮೇಲೆ ಮೊಂಬತ್ತಿ ಹಚ್ಚಿದರು. ಅಂಗಳದ ತುಂಬ ಜನ. ಹಾಡು ಏರಿತು, ಇಳಿಯಿತು. ಏನೇ ಹೇಳಿ, ಅವನ ಪಿಟೀಲು ಚೆನ್ನ. ಎರ್ಮೆಲಿಂದ್ ಕಣ್ಣು ಮುಚ್ಚಿ ಹಾಡಿದಳು.

ಹಾಡು ಮುಗಿದ ಮೇಲೆ, ಮುಂದಾಳು ಆ ಮನೆಯ ಯಜಮಾನಿಯ ಹೆಸರು ಹಿಡಿದು ಹರಸಬೇಕು. ಕಾಯ್ತಾನ್ ಅದನ್ನು ಎಷ್ಟು ವರ್ಷ ಹೇಳಿದ್ದನೋ. ಪಿಟೀಲು ಕೆಳಗಿಳಿಸಿ, ಕಣ್ಣು ಮುಚ್ಚಿ, ಅದೇ ರಾಗದಲ್ಲಿ ಶುರುಮಾಡಿದ:

“ಈ ಮನೆಯಲ್ಲಿ ದೀಪ ಹಚ್ಚುವ ಎರ್ಮೆಲಿಂದಳನ್ನು ದೇವರು ಚೆನ್ನಾಗಿಟ್ಟಿರಲಿ. ಹೋದ ವರ್ಷದಂತೆ ಈ ವರ್ಷವೂ, ಈ ವರ್ಷದಂತೆ ಬರುವ ವರ್ಷವೂ, ಈ ಹೊಸ್ತಿಲಲ್ಲಿ ಅವಳ ಕೈಯ ಕಡಲೆ ನಮಗೆ ಸಿಗಲಿ.”

ಕಣ್ಣು ತೆರೆದಾಗ ತಾನು ಏನಂದೆನೆಂದು ಅವನಿಗೇ ತಿಳಿಯಿತು. ಮುಖ ಸುಣ್ಣದಂತಾಯಿತು.

“ಆಮೆನ್,” ಎಂದಳು ಕಿತೆರಿ ಮಾಯಿ, ಮೂರನೆಯ ಮನೆಗೆ ಕೇಳುವ ಹಾಗೆ.

ಇಡೀ ಅಂಗಳ ಆಮೆನ್ ಎಂದಿತು. ಶಾಂತಾನನೂ ಎಂದ. ಕಡಲೆಯ ದೊನ್ನೆ ಕೈಗೆ ಬಂದಾಗ ಅವನು ಎರ್ಮೆಲಿಂದಳ ಮುಖ ನೋಡಲಾರದೆ ಹೇಳಿದ: “ಶಿಲುಬೆ ಮುಂದೆ ಆಮೆನ್ ಅಂದಾಯ್ತಲ್ಲ, ಇನ್ನು ಕೋರ್ಟಲ್ಲಿ ಬೇರೆ ಹೇಳೋಕಾಗುತ್ತಾ? ಸಾಕ್ಷಿಗೆ ಬರ್ತೀನಿ.” ಅವನ ಹಿಂದೆ ಇನ್ನೂ ನಾಲ್ಕೈದು ಮಂದಿ ಒಪ್ಪಿದರು. ಹೋದ ವರ್ಷವೂ, ಅದರ ಹಿಂದಿನ ವರ್ಷವೂ ಇದೇ ಹೊಸ್ತಿಲಲ್ಲಿ ಇವಳ ಕೈಯ ಕಡಲೆ ತಿಂದೆವೆಂದು ಕೋರ್ಟಿನಲ್ಲಿ ಸಾಕ್ಷಿ ನುಡಿದರು. ಕಾಯ್ತಾನನನ್ನೂ ಕೇಳಿದರು. ಅವನು ತಲೆ ತಗ್ಗಿಸಿ ಹೇಳಿದ: “ಹರಸಿದ್ದು ಹೌದು. ಪ್ರತಿ ವರ್ಷ ಹರಸಿದ್ದೇನೆ.”

ಬೀಗ ತೆಗೆಯಬೇಕು, ಅವಳ ವಾಸಕ್ಕೆ ಯಾರೂ ಅಡ್ಡಿ ಮಾಡಬಾರದು, ಮನೆ ಮಾರಕೂಡದು ಎಂದು ಮ್ಯಾಜಿಸ್ಟ್ರೇಟರ ಅಪ್ಪಣೆಯಾಯಿತು.

ಎರ್ಮೆಲಿಂದ್ ಮನೆ ಸೇರಿದ ಮರುದಿನವೇ ದೊಡ್ಡ ಪಾತ್ರೆಯಲ್ಲಿ ಕಡಲೆ ಬೇಯಿಸಿ, ಕೊಬ್ಬರಿ ಚೂರು ಬೆರೆಸಿ ಮನೆಮನೆಗೆ ಹಂಚಿದಳು. ಸುಲಕ್ಷಾ ಬಾಯಿಗೆ ಬಸ್ಸಿನಲ್ಲಿ ಡಬ್ಬಿ ಹೋಯಿತು. ಕಿತೆರಿ ಮಾಯಿಗೆ ಎರಡು ಪಾಲು. “ಒಂದು ಬೆಕ್ಕಿಗೆ. ಮಂಚ ಬಿಟ್ಟುಕೊಟ್ಟಿದ್ದಕ್ಕೆ.”

ಕಾಯ್ತಾನ್ ತಾನಾಗಿಯೇ ಜಗಲಿಯವರೆಗೆ ಬಂದ. ಅವಳು ದೊನ್ನೆ ಕೊಟ್ಟಳು. ಅವನ ಮೇಲೆ ಸಿಟ್ಟು ಪೂರ್ತಿ ಹೋಗಿರಲಿಲ್ಲ. ಆದರೂ ಕೋರ್ಟಿನಲ್ಲಿ ಅವನು ಹೌದೆಂದ ಆ ಒಂದು ಮಾತನ್ನು ಅವಳು ಮರೆಯುವವಳಲ್ಲ. ಅವನು ಒಂದು ತುತ್ತು ಬಾಯಿಗೆ ಹಾಕಿ, ಬೇರೇನು ಹೇಳಲೂ ತಿಳಿಯದೆ, “ಉಪ್ಪು ಸ್ವಲ್ಪ ಕಮ್ಮಿ,” ಎಂದ.

“ಕೂತಿರಿ ಭಾವ,” ಎಂದಳು ಎರ್ಮೆಲಿಂದ್. “ಒಳಗಿದೆ. ತರ್ತೀನಿ.”

ಹೊಸ್ತಿಲು ದಾಟಿ ಅವಳು ಒಳಗೆ ಹೋದಳು.