‘ಕ್ವೇ’ ಎಂದಾಗ ನಕ್ಕವರು

ನನ್ನನ್ನು ನೋಡಲು ಬಂದ ಗಂಡಿನ ಕಡೆಯವರು ಹಾಡು ಹೇಳಿಸಲಿಲ್ಲ, ಇಂಗ್ಲಿಷ್ ಕೇಳಿದರು. ೧೯೬೧ರ ಬೆಟ್ಟಂಪಾಡಿಯಲ್ಲಿ ಇದು ಹೊಸ ಪರೀಕ್ಷೆ. ನನಗೇನೂ ಹೆದರಿಕೆಯಿರಲಿಲ್ಲ. ಎಸ್ಸೆಸ್ಸೆಲ್ಸಿ ಮುಗಿದ ಮೇಲೆ ಅಪ್ಪನ ಹಳೆಯ ಡಿಕ್ಷನರಿಯನ್ನು ಕಥೆಪುಸ್ತಕದ ಹಾಗೆ ಓದಿದವಳು ನಾನು. ನನ್ನ ಚಿಂತೆ ಬೇರೆ. ಮದುವೆಯಾದರೂ ಮಂಗಳೂರಿಗೆ ಟೀಚರ್ ಟ್ರೈನಿಂಗಿಗೆ ಹೋಗಲೇಬೇಕೆಂದಿದ್ದೆ. ಹುಡುಗ ಕೃಷ್ಣಮೋಹನ ಅದಕ್ಕೆ ಒಪ್ಪಿದ್ದಾನೆ ಎಂದು ಸಂಬಂಧ ತಂದವರು ಹೇಳಿದ್ದರು. ಅವನ ಮಾತು ಎಷ್ಟು ಗಟ್ಟಿ ಎಂದು ನನಗೆ ತಿಳಿಯಬೇಕಿತ್ತು.

ಹುಡುಗನ ಸೋದರಮಾವ ಮದ್ರಾಸಿನ ಹಡಗು ಕಂಪೆನಿಯಲ್ಲಿ ಗುಮಾಸ್ತರಾಗಿದ್ದವರು. ಕಾಫಿ ಕುಡಿದು, ಪೆನ್ನು ತೆಗೆದು, ಪೇಪರಿನ ಅಂಚಿನಲ್ಲಿ ಕ್ಯೂ, ಯು, ಎ, ವೈ ಎಂದು ಬರೆದು ನನ್ನತ್ತ ಹಿಡಿದರು.

“ವಸುಮತಿ, ಇದೆಂತ ಹೇಳು ನೋಡುವಾ.”

“ಕ್ವೇ. ಹಡಗು ನಿಲ್ಲುವ ದಕ್ಕೆ.”

ಮಾವ ಹೊಟ್ಟೆ ಹಿಡಿದುಕೊಂಡು ನಕ್ಕರು. ಕೃಷ್ಣಮೋಹನ ಅವರಿಗಿಂತ ಜೋರಾಗಿ ನಕ್ಕ. ಒಳಬಾಗಿಲಲ್ಲಿ ನಿಂತಿದ್ದ ಅಮ್ಮನ ಮುಖ ಬಿಳಚಿಕೊಂಡಿತು.

“ಅರ್ಥ ಸರಿ ಉಂಟು. ಆದರೆ ಅದನ್ನು ‘ಕೀ’ ಅಂತ ಹೇಳುದು ಮಗಳೇ, ಬೀಗದ ಕೀಯ ಹಾಗೆ,” ಎಂದರು ಮಾವ.

“ಹೌದಾ? ನಮ್ಮಲ್ಲಿ ಅದನ್ನು ಬಾಯಿಬಿಟ್ಟು ಹೇಳುವವರು ಯಾರೂ ಇಲ್ಲ ಮಾವ. ಇವತ್ತು ಕಲಿತೆ,” ಎಂದೆ. ನಿಜಕ್ಕೂ ಖುಷಿಯಾಗಿತ್ತು. ಇಂಥವು ಇನ್ನೆಷ್ಟಿವೆಯೋ ಎಂದು ಅವರನ್ನೇ ಕೂರಿಸಿಕೊಂಡು ಕೇಳುವ ಆಸೆಯೂ ಆಯಿತು. ಆದರೆ ಆ ಇನ್ನೊಂದು ನಗು ನನ್ನನ್ನು ಚುಚ್ಚುತ್ತಿತ್ತು. ಹುಡುಗನತ್ತ ತಿರುಗಿದೆ.

“ನಿಮಗೆ ಮೊದಲೇ ಗೊತ್ತಿತ್ತಾ?”

“ಇಲ್ಲ, ನನಗೂ ಈಗಲೇ ಗೊತ್ತಾದ್ದು.”

“ಮತ್ತೆ ನಕ್ಕದ್ದು ಎಂತಕ್ಕೆ?”

ಅವನು ಮಾವನ ಮುಖ ನೋಡಿದ.

“ನನ್ನನ್ನು ಟ್ರೈನಿಂಗಿಗೆ ಕಳಿಸುದು ಹೌದಾ?”

ಮತ್ತೆ ಮಾವನ ಮುಖವೇ. “ಅದೆಲ್ಲ ಮದುವೆ ಆದ ಮೇಲೆ ನೋಡುವಾ,” ಎಂದರು ಮಾವ. ಕೃಷ್ಣಮೋಹನ ಕೂಡಲೇ ತಲೆಯಾಡಿಸಿದ. ನನಗೆ ಸಿಟ್ಟು ನೆತ್ತಿಗೇರಿತು. ನಗುವುದಕ್ಕೂ ಮಾವನ ಅಪ್ಪಣೆ ಬೇಕಾದವನು ನನ್ನನ್ನು ಮಂಗಳೂರಿಗೆ ಕಳಿಸಿಯಾನೇ!

ಹೊರಡುವಾಗ ಮಾವ ಚಪ್ಪಲಿ ಮೆಟ್ಟುತ್ತ, “ಹುಡುಗಿಗೆ ಬಾಯಿ ಸ್ವಲ್ಪ ಜಾಸ್ತಿ. ಆದರೂ ನಮಗೆ ಒಪ್ಪಿಗೆ ಉಂಟು,” ಎಂದರು ಉದಾರವಾಗಿ. ಅಮ್ಮನಿಗೆ ಹೋದ ಜೀವ ಬಂದಂತಾಯಿತು.

ನನ್ನ ಅಪ್ಪ ಪರಮೇಶ್ವರ ಭಟ್ಟರು ಯಾರೆದುರೂ ಸ್ವರ ಎತ್ತಿದವರಲ್ಲ. ಅವರು ನನ್ನ ಮುಖವನ್ನೊಮ್ಮೆ ನೋಡಿದರು. ಆಮೇಲೆ ಮೆಟ್ಟಿಲಿಳಿದು ಮಾವನ ಎದುರು ನಿಂತರು.

“ನಮ್ಮ ಹುಡುಗಿಗೆ ಒಪ್ಪಿಗೆ ಇಲ್ಲ ಮಾರಾಯ್ರೆ,” ಎಂದರು.